ಟಿಕೆಟ್ ಫ್ರೀ, ಬಸ್ ಎಲ್ಲಿ?

(1/9)

ಎಸ್‌ಎಸ್‌ಎಲ್‌ಸಿ ರಿಸಲ್ಟ್ ದಿನ ಪೇಪರಿನವರಿಗೆ ಹೆಡ್‌ಲೈನ್ ಹುಡುಕೋ ಕಷ್ಟನೇ ಇಲ್ಲ. "ಈ ಬಾರಿಯೂ ಬಾಲಕಿಯರೇ ಮೇಲುಗೈ". ಹೋದ ವರ್ಷದ್ದನ್ನೇ ತೆಗೆದು ಮತ್ತೆ ಹಾಕಬಹುದು. 2024ರಲ್ಲಿ ಪಾಸಾದ ಹುಡುಗೀರು ಶೇ. 81.11, ಹುಡುಗರು ಶೇ. 65.90. ಹದಿನೈದು ಪರ್ಸೆಂಟ್ ಗ್ಯಾಪು ಕಣ್ರೋ, ಸಣ್ಣದಲ್ಲ. ಮಾರನೇ ದಿನ ಅಪ್ಪ ಅಮ್ಮ ಬಾಯಿಗೆ ಸ್ವೀಟ್ ಇಡೋ ಫೋಟೋ ಬರುತ್ತೆ. ಎಂಎಲ್‌ಎ ಶಾಲು ಹೊದಿಸೋ ಫೋಟೋ ಬರುತ್ತೆ.

ಜೂನ್‌ನಲ್ಲಿ ಆ ಹುಡುಗೀರು ಎಲ್ಲಿಗೆ ಹೋದ್ರು ಅನ್ನೋ ಹೆಡ್‌ಲೈನ್ ಮಾತ್ರ ಬರಲ್ಲ.

ಒಂದು ಕೆಲಸ ಮಾಡಿ. ನಿಮ್ಮ ಗ್ಯಾಲರಿಯಲ್ಲಿ ಹತ್ತನೇ ಕ್ಲಾಸಿನ ಗ್ರೂಪ್ ಫೋಟೋ ಇದ್ದೇ ಇರುತ್ತೆ. ಮುಂದೆ ಕುರ್ಚಿ ಮೇಲೆ ಮೇಷ್ಟ್ರು, ಮೇಡಂ, ಹಿಂದೆ ಬೆಂಚ್ ಹತ್ತಿ ನಿಂತಿರೋ ನಾವು. ಅದನ್ನ ಝೂಮ್ ಮಾಡಿ. ಹುಡುಗೀರ ಒಂದೊಂದು ಮುಖದ ಮೇಲೂ ಬೆರಳಿಟ್ಟು ಈಗ ಏನು ಮಾಡ್ತಿದಾಳೆ ಅಂತ ಕೇಳ್ಕೊಳ್ಳಿ. ಡಿಗ್ರಿ. ಡಿಗ್ರಿ. ಮದುವೆ ಆಯ್ತು. ಗಾರ್ಮೆಂಟ್ಸ್. ಮನೇಲಿದಾಳೆ. ಮದುವೆ ಆಯ್ತು. ಮನೇಲಿದಾಳೆ.

ಸಿಟಿ ಸ್ಕೂಲಲ್ಲಿ ಓದಿದವರಿಗೆ ಈ ಲಿಸ್ಟ್ ಬೇರೆ ಥರ ಬರಬಹುದು. ಹಳ್ಳಿ ಹೈಸ್ಕೂಲಿನವರು ಎಣಿಸಿ. ಆ "ಮನೇಲಿದಾಳೆ" ಬಗ್ಗೆನೇ ಈ ಸರಣಿ. ಉದ್ದ ಇದೆ. ಸೇವ್ ಮಾಡ್ಕೊಂಡು ಬಸ್ಸಲ್ಲಿ ಓದಿ, ಬಸ್ ಬಂದ್ರೆ.

(2/9)

ಈ ಪ್ರಶ್ನೆ ಕೇಳಿದಾಗೆಲ್ಲ ಸಿಗೋ ಉತ್ತರ ಒಂದೇ: "ಹಳ್ಳಿ ಜನರ ಮೆಂಟಾಲಿಟಿ ಬದಲಾಗ್ಬೇಕು." ಡಿಬೇಟ್ ಕಾಂಪಿಟಿಷನ್‌ನಲ್ಲಿ ಇದೇ, ಎನ್‌ಎಸ್‌ಎಸ್ ಕ್ಯಾಂಪಿನ ಬೀದಿ ನಾಟಕದಲ್ಲೂ ಇದೇ. ನಾಟಕದಲ್ಲಿ ಅಪ್ಪ ಅಂದ್ರೆ ಮೀಸೆ ಅಂಟಿಸಿಕೊಂಡು ಟವೆಲ್ ಕೊಡವಿ, "ಹೆಣ್ಮಕ್ಕಳಿಗೆ ಯಾಕೆ ಓದು?" ಅಂತ ಕೂಗೋ ವಿಲನ್.

ನಾನು ಈ ಉತ್ತರ ಒಪ್ಪಲ್ಲ. ಯಾಕೆ ಅಂತ ಹೇಳ್ತೀನಿ.

ತುಮಕೂರು, ಮಂಡ್ಯ, ರಾಮನಗರ, ಹಾಸನ ಕಡೆ ಹಳ್ಳಿಗಳವರಿಗೆ ಗಾರ್ಮೆಂಟ್ಸ್ ಗಾಡಿ ಗೊತ್ತು. ಬೆಳಕು ಹರಿಯೋ ಹೊತ್ತಿಗೆ ಊರ ಬಾಗಿಲಲ್ಲಿ ಹಾರನ್. ಟಿಫನ್ ಬಾಕ್ಸ್ ಹಿಡಿದು ಹುಡುಗೀರು ಹತ್ತುತಾರೆ, ಗಾಡಿ ಹೋಗುತ್ತೆ. ಸಾಯಂಕಾಲ ಕತ್ತಲಾದ ಮೇಲೆ ಅದೇ ಜಾಗಕ್ಕೆ ತಂದು ಇಳಿಸುತ್ತೆ. ಮಳೆ ಬರಲಿ, ಹಬ್ಬದ ಮಾರನೇ ದಿನ ಆಗಲಿ, ಗಾಡಿ ತಪ್ಪಲ್ಲ. ಯಾವ ಅಪ್ಪ ಮಗಳನ್ನ "ಕಾಲ ಸರಿ ಇಲ್ಲ ಕಣವ್ವ, ಅಷ್ಟು ದೂರ ಕಾಲೇಜಿಗೆ ಬೇಡ" ಅಂತ ಬಿಡಿಸಿದ್ನೋ, ಅದೇ ಅಪ್ಪ ಅದೇ ಮಗಳನ್ನ ಹದಿನೆಂಟು ತುಂಬಿದ ಮೇಲೆ ಆ ಗಾಡಿ ಹತ್ತಿಸಿ ಹೊಲಕ್ಕೆ ಹೋಗ್ತಾನೆ. ಎಷ್ಟೋ ಸಲ ಫ್ಯಾಕ್ಟರಿ ಕಾಲೇಜಿಗಿಂತ ದೂರ ಇರುತ್ತೆ.

ಎಲ್ಲಿ ಹೋಯ್ತು ಮೆಂಟಾಲಿಟಿ? ಎಲ್ಲಿ ಹೋಯ್ತು ಮರ್ಯಾದೆ ಪ್ರಶ್ನೆ?

ದುಡ್ಡು ಬರುತ್ತೆ ಅಂತ ಕಳಿಸ್ತಾರೆ ಅನ್ನಬಹುದು. ಹೌದು, ಅದೂ ಇದೆ. ಆದ್ರೆ ದುಡ್ಡಿನಷ್ಟೇ ಮುಖ್ಯ ಆ ಹಾರನ್ನು. ಇಂಥಾ ಹೊತ್ತಿಗೆ ಹೋಗ್ತಾಳೆ, ಇಂಥಾ ಹೊತ್ತಿಗೆ ಬರ್ತಾಳೆ, ಜೊತೇಲಿ ಊರಿನ ಇನ್ನೂ ಹತ್ತು ಜನ ಇರ್ತಾರೆ ಅಂತ ಅಮ್ಮನಿಗೆ ಗೊತ್ತು. ಕಂಪನಿಗೆ ಹೆಣ್ಣಾಳು ಟೈಮಿಗೆ ಸರಿಯಾಗಿ ಮಿಷನ್ ಮುಂದೆ ಕೂತಿರಬೇಕು, ಅದಕ್ಕೇ ಮನೆ ಹತ್ರ ಗಾಡಿ ಕಳಿಸುತ್ತೆ. (ಆ ಬಾಡಿಗೆನ ಸಂಬಳದಲ್ಲೇ ಮುರ್ಕೊಳ್ಳೋರೂ ಇದಾರೆ, ಅದು ಬೇರೆ ಮಾತು.) ಹುಡುಗಿ ಟೈಮಿಗೆ ಸರಿಯಾಗಿ ಡೆಸ್ಕ್ ಮುಂದೆ ಕೂತಿರಬೇಕು ಅಂತ ಹಠ ಹಿಡಿದವರು ಯಾರೂ ಇಲ್ಲ. ಅಷ್ಟೇ ವ್ಯತ್ಯಾಸ.

(3/9)

ಈಗ ದೂರದ ಲೆಕ್ಕ.

ನಮ್ಮ ರಾಜ್ಯದಲ್ಲಿ ಸಾಮಾನ್ಯವಾಗಿ ಊರಿನ ಸರ್ಕಾರಿ ಶಾಲೆ ಏಳಕ್ಕೆ ಮುಗಿಯುತ್ತೆ. ಎಂಟಕ್ಕೆ ಹೈಸ್ಕೂಲು, ಹೋಬಳಿಗೆ ಹೋಗ್ಬೇಕು. ಹತ್ತಾದ ಮೇಲೆ ಪಿಯು, ತಾಲೂಕಿಗೆ ಹೋಗ್ಬೇಕು. ಡಿಗ್ರಿಗೆ ಅದೇ ತಾಲೂಕು, ಇಲ್ಲ ಜಿಲ್ಲೆ. ಅಂದ್ರೆ ಓದು ಒಂದೊಂದು ಮೆಟ್ಟಿಲು ಮೇಲೆ ಹೋದ ಹಾಗೆ ಶಾಲೆ ಮನೆಯಿಂದ ಒಂದೊಂದು ಬಸ್ ಸ್ಟಾಪ್ ದೂರ ಹೋಗುತ್ತೆ. ಹುಡುಗಿಗೆ ವಯಸ್ಸು ಬರೋದೂ, ಅವಳ ಮೇಲೆ ಊರ ಕಣ್ಣು ಬೀಳೋದೂ, ಶಾಲೆ ದೂರ ಆಗೋದೂ ಒಟ್ಟಿಗೇ.

ಸರ್ಕಾರ ಏನು ಮಾಡಿದೆ ನೋಡಿ. ಶಿಕ್ಷಣ ಹಕ್ಕು ಕಾಯ್ದೆ 2009ರಲ್ಲಿ ಆಯ್ತು, 2010ರ ಏಪ್ರಿಲ್ 1ಕ್ಕೆ ಜಾರಿಗೆ ಬಂತು. ಚಿಕ್ಕ ಮಕ್ಕಳಿಗೆ 1 ಕಿಲೋಮೀಟರ್ ಒಳಗೆ ಶಾಲೆ, 6ರಿಂದ 8ಕ್ಕೆ 3 ಕಿಲೋಮೀಟರ್ ಒಳಗೆ. ಒಳ್ಳೇದೇ. ಆದ್ರೆ ಆ ಹಕ್ಕು 6ರಿಂದ 14 ವರ್ಷದವರಿಗೆ ಮಾತ್ರ. ಹದಿನಾಲ್ಕು ತುಂಬಿ ಎಂಟು ಮುಗೀತಾ, ಹಕ್ಕು ಮುಗೀತು. ಎಲ್ಲಿಂದ ಮುಂದೆ ಬಸ್ ನಿಜವಾಗ್ಲೂ ಬೇಕೋ, ಅಲ್ಲಿಗೆ ಸರಿಯಾಗಿ ಕಾನೂನು ಇಳಿದು ಹೋಗುತ್ತೆ.

ಇದು ದಿಲ್ಲಿ ಕಾನೂನು ಮಾತ್ರ ಅಲ್ಲ. ನಮ್ಮದೇ ಭಾಗ್ಯಲಕ್ಷ್ಮಿ ಬಾಂಡ್ ನೆನಪಿದೆಯಾ? 2006ರಲ್ಲಿ ಶುರುವಾಗಿದ್ದು, ನಮ್ಮಲ್ಲಿ ತುಂಬಾ ಜನರ ಮನೆ ಬೀರುವಿನಲ್ಲಿ ಇದೆ. ದುಡ್ಡು ಕೈಗೆ ಬರಬೇಕಾದ್ರೆ ಹದಿನೆಂಟು ತುಂಬೋವರೆಗೆ ಮದುವೆ ಆಗಿರಬಾರದು, ಕನಿಷ್ಠ ಎಂಟನೇ ಕ್ಲಾಸ್ ಓದಿರಬೇಕು. ಎಂಟನೇ ಕ್ಲಾಸ್! ಎಂಟಕ್ಕೆ ಬಿಟ್ಟು ನಾಲ್ಕೈದು ವರ್ಷ ಮನೇಲಿ ಕಸ ಗುಡಿಸಿಕೊಂಡಿದ್ರೂ ಬಾಂಡ್ ಪಾಸಾಗುತ್ತೆ. ಸರ್ಕಾರದ ಕನಸೇ ಎಂಟಕ್ಕೆ ನಿಂತಿದ್ರೆ ಬೀದಿ ನಾಟಕದ ಮೀಸೆ ಅಪ್ಪನನ್ನ ಮಾತ್ರ ಬೈದು ಏನು ಬಂತು?

(4/9)

"ಶಕ್ತಿ ಯೋಜನೆ ಇದೆಯಲ್ಲ, ಫ್ರೀ ಬಸ್ಸು. ಇನ್ನೇನು ಬೇಕು ನಿಮಗೆ?"

ಈ ಕಾಮೆಂಟ್ ಬರುತ್ತೆ ಅಂತ ಗೊತ್ತು, ಅದಕ್ಕೆ ಮೊದಲೇ ಹೇಳ್ತೀನಿ. 2023ರ ಜೂನ್ 11ರಿಂದ ರಾಜ್ಯದ ಸರ್ಕಾರಿ ಸಾಮಾನ್ಯ ಬಸ್‌ಗಳಲ್ಲಿ ಹೆಂಗಸರಿಗೆ ಟಿಕೆಟ್ ಇಲ್ಲ. ನಾನು ಇದನ್ನ ಬೈಯೋರ ಪೈಕಿ ಅಲ್ಲ. ಸೀಟ್ ಜಗಳದ ರೀಲ್ಸ್ ಮಾಡಿ ನಗೋ ಹುಡುಗರಿಗೆ ಒಂದು ಮಾತು: ಪಾಸಿಗೆ ದುಡ್ಡು ಕೇಳೋಕೆ ಅಪ್ಪನ ಮುಂದೆ ನಿಲ್ಲೋದು ಹೇಗಿರುತ್ತೆ ಅಂತ ನಿಮ್ಮ ಅಕ್ಕನ್ನ ಕೇಳಿ. ಆ ನಿಲ್ಲೋದು ತಪ್ಪಿತು. ಅದು ದೊಡ್ಡದು.

ಆದ್ರೆ ಜೀರೋ ಟಿಕೆಟ್ ಹರಿಯೋಕೆ ಮೊದಲು ಕಂಡಕ್ಟರ್ ಬೇಕು, ಕಂಡಕ್ಟರ್ ಬರೋಕೆ ಬಸ್ ಬೇಕು. ಬೆಳಿಗ್ಗೆ ಒಂದು ಬಸ್ಸು, ಅದೂ ಹಿಂದಿನ ಊರಲ್ಲೇ ತುಂಬಿ ಬಂದಿರುತ್ತೆ. ಡ್ರೈವರ್ ಕೈ ಅಲ್ಲಾಡಿಸಿ "ಹಿಂದೆ ಬರ್ತಿದೆ" ಅಂತ ಹೋಗ್ತಾರೆ. ಹಿಂದೆ ಯಾವುದೂ ಬರ್ತಿರಲ್ಲ. ಮೊದಲ ಪೀರಿಯಡ್ ಹೋಯ್ತು. ತಿಂಗಳಲ್ಲಿ ಹತ್ತು ದಿನ ಹೀಗಾದ್ರೆ ಅಟೆಂಡೆನ್ಸ್ ಶಾರ್ಟೇಜ್. ಸಾಯಂಕಾಲ ಕಾಲೇಜ್ ಬಿಡೋದು ನಾಲ್ಕೂವರೆಗೆ, ಊರ ಕಡೆ ಬಸ್ಸು ನಾಲ್ಕು ಗಂಟೆಗೇ ಹೊರಟಿರುತ್ತೆ. ಮುಂದಿನದು ಏಳಕ್ಕೆ. ಲ್ಯಾಬ್ ಇರೋ ದಿನ ಹುಡುಗಿ ಅರ್ಧಕ್ಕೆ ಎದ್ದು ಬರ್ತಾಳೆ, ಇಲ್ಲ ಕತ್ತಲಾಗೋವರೆಗೆ ಸ್ಟ್ಯಾಂಡಿನಲ್ಲಿ ಕೂತಿರ್ತಾಳೆ. ಎರಡನೇದನ್ನ ಊರಿನವರು ಯಾರೋ ನೋಡ್ತಾರೆ. ಮನೆಗೆ ಸುದ್ದಿ ಬಸ್ಸಿಗಿಂತ ಬೇಗ ಮುಟ್ಟುತ್ತೆ.

ಹುಡುಗ ಏನು ಮಾಡ್ತಾನೆ? ಯಾರದೋ ಬೈಕಿಗೆ ಕೈ ಅಡ್ಡ ಹಾಕ್ತಾನೆ. ಹಾಲಿನ ಗಾಡಿ, ಟ್ರ್ಯಾಕ್ಟರ್, ಗೂಡ್ಸ್ ಆಟೋ, ಯಾವುದಾದ್ರೂ ಆಗುತ್ತೆ. ಅದೇ ತಪ್ಪಿದ ಬಸ್ಸು, ಆದ್ರೆ ಒಬ್ಬರಿಗೆ ಅರ್ಧ ಗಂಟೆ ಲೇಟು, ಇನ್ನೊಬ್ಬರಿಗೆ ಓದೇ ಬಂದ್.

ಕರಾವಳಿ, ಮಲೆನಾಡಿನ ಎಷ್ಟೋ ರೂಟಲ್ಲಿ ಓಡೋದೇ ಪ್ರೈವೇಟ್ ಬಸ್ಸು. ಅಲ್ಲಿ ಶಕ್ತಿನೂ ಇಲ್ಲ, ಫ್ರೀನೂ ಇಲ್ಲ.

(5/9)

ಬಿಡಿಸದೇ ಕಾಲೇಜಿಗೆ ಕಳಿಸಿದ ಮನೆಗಳಲ್ಲೂ ಬಸ್ಸು ಒಂದು ಕೆಲಸ ಮಾಡಿರುತ್ತೆ. ಇದರ ಬಗ್ಗೆ ಯಾರೂ ಮಾತಾಡಲ್ಲ ಅನ್ನೋದೇ ನನಗೆ ಸಿಟ್ಟು.

ಹತ್ತಿರದ ಪಿಯು ಕಾಲೇಜಲ್ಲಿ ಆರ್ಟ್ಸ್ ಇರುತ್ತೆ, ಕೆಲವು ಕಡೆ ಕಾಮರ್ಸ್. ಸೈನ್ಸ್ ಬೇಕಂದ್ರೆ ಟೌನಿಗೆ ಹೋಗ್ಬೇಕು. ಮ್ಯಾಥ್ಸಲ್ಲಿ ನೂರಕ್ಕೆ ತೊಂಬತ್ತೈದು ತೆಗೆದ ಹುಡುಗಿ ಎಚ್‌ಇಪಿಎಸ್ ತಗೊಂಡು ಕೂತಿರ್ತಾಳೆ. ಕೇಳಿದ್ರೆ, "ನಂಗೆ ಆರ್ಟ್ಸೇ ಇಷ್ಟ" ಅಂತಾಳೆ. ಇಷ್ಟ ಆಗಿ ತಗೊಂಡವರೂ ಇದಾರೆ, ಹಿಸ್ಟರಿ ಓದೋದು ಕಡಿಮೆ ಅಂತ ನಾನು ಹೇಳ್ತಿಲ್ಲ. ಆದ್ರೆ ಎಷ್ಟು ಜನರ ಇಷ್ಟನ ಬಸ್ ಟೈಮಿಂಗ್ ತೀರ್ಮಾನ ಮಾಡಿದೆ? ಅದೇ ಮನೇಲಿ ಅರವತ್ತು ಪರ್ಸೆಂಟ್ ತೆಗೆದ ತಮ್ಮನ್ನ ಟೌನಲ್ಲಿ ರೂಮ್ ಮಾಡಿಸಿ ಪಿಸಿಎಂಬಿಗೆ ಸೇರಿಸ್ತಾರೆ, ಸೆಕೆಂಡ್ ಹ್ಯಾಂಡ್ ಬೈಕೂ ಕೊಡಿಸ್ತಾರೆ.

ಆಮೇಲೆ ನಾವು ಕೇಳ್ತೀವಿ, ಇಂಜಿನಿಯರಿಂಗಲ್ಲಿ ಹಳ್ಳಿ ಹುಡುಗೀರು ಯಾಕೆ ಕಡಿಮೆ ಅಂತ.

ದೂರನೇ ಇಲ್ಲದ ಹಾಗೆ ಮಾಡಿದ್ರೆ ಏನಾಗುತ್ತೆ ಅಂತ ನೋಡ್ಬೇಕಾ? 2024ರ ಎಸ್‌ಎಸ್‌ಎಲ್‌ಸಿಯಲ್ಲಿ 625ಕ್ಕೆ 625 ತೆಗೆದು ರಾಜ್ಯಕ್ಕೆ ಫಸ್ಟ್ ಬಂದ ಹುಡುಗಿ ಬಾಗಲಕೋಟೆ ಜಿಲ್ಲೆಯವಳು, ರೈತರ ಮಗಳು. ಓದಿದ್ದು ಸರ್ಕಾರಿ ಮೊರಾರ್ಜಿ ದೇಸಾಯಿ ವಸತಿ ಶಾಲೆಯಲ್ಲಿ. ಮಲಗೋ ಕೋಣೆಯಿಂದ ಕ್ಲಾಸ್ ರೂಮಿಗೆ ನಡೆದು ಹೋದರೆ ಆಯ್ತು. ಊಟ ಅಲ್ಲೇ, ಓದು ಅಲ್ಲೇ, ಬಸ್ಸಿಗೆ ಕಾಯೋದಿಲ್ಲ. ಎಲ್ಲರೂ ಅವಳ ಪ್ರತಿಭೆ ಹೊಗಳಿದ್ರು, ಸರಿ. ವಸತಿ ಶಾಲೆನ ಎಷ್ಟು ಜನ ಹೊಗಳಿದ್ರು? ಮೊರಾರ್ಜಿ, ಕಿತ್ತೂರು ರಾಣಿ ಚೆನ್ನಮ್ಮ ಶಾಲೆಗಳಲ್ಲಿ ಸೀಟ್ ಸಿಗೋಕೆ ಎಂಟ್ರೆನ್ಸ್ ಬರೀಬೇಕು, ಅಲ್ಲೂ ಬಹಳಷ್ಟು ಹತ್ತಕ್ಕೆ ನಿಲ್ತವೆ. ಮುಂದೆ ಬಿಸಿಎಂ ಹಾಸ್ಟೆಲ್, ಸಮಾಜ ಕಲ್ಯಾಣ ಹಾಸ್ಟೆಲ್. ಅರ್ಜಿ ಹಾಕಿ, ಜಾತಿ-ಆದಾಯ ಸರ್ಟಿಫಿಕೇಟಿಗೆ ಓಡಾಡಿ, ಲಿಸ್ಟಿಗೆ ಕಾಯಬೇಕು. ಲಿಸ್ಟ್ ಬರೋ ಹೊತ್ತಿಗೆ ಕ್ಲಾಸ್ ಶುರುವಾಗಿ ಎಷ್ಟೋ ವಾರ ಆಗಿರುತ್ತೆ.

(6/9)

ಹತ್ತು ಮುಗಿಸಿದಾಗ ಹದಿನಾರು. ಮದುವೆಗೆ, ಗಾರ್ಮೆಂಟ್ಸಿಗೆ ಆಧಾರ್ ಕಾರ್ಡಲ್ಲಿ ಹದಿನೆಂಟು ಬೇಕು. ಮಧ್ಯದ ಆ ಎರಡು ವರ್ಷ ಏನು ಮಾಡ್ತಾಳೆ?

ಪಿಯು ಅನ್ನೋದು ಸರಿಯಾಗಿ ಎರಡೇ ವರ್ಷ ಅಲ್ವಾ.

ಹುಡುಗಿ ಮನೇಲಿ ಕೂತ್ಲು ಅಂದ್ರೆ ನೆಂಟರ ಬಾಯಿ ಸುಮ್ಮನಿರಲ್ಲ. "ಓದ್ತಿದಾಳೆ" ಅನ್ನೋದು ಅಮ್ಮನ ಕೈಲಿರೋ ಒಂದೇ ಗುರಾಣಿ. ಗಂಡು ನೋಡೋಕೆ ಬಂದವರಿಗೆ "ಇನ್ನೂ ಪರೀಕ್ಷೆ ಇದೆ, ಮುಗೀಲಿ" ಅಂದು ಕಳಿಸಬಹುದು. ಕಾಲೇಜ್ ಬಿಟ್ಟ ದಿನ ಆ ಗುರಾಣಿ ಬೀಳುತ್ತೆ. ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆ ಅಂತ ಇದೆ, 2019-21ರದ್ದು ಐದನೇದು. ಅದರ ಪ್ರಕಾರ ನಮ್ಮ ರಾಜ್ಯದಲ್ಲಿ 20ರಿಂದ 24 ವರ್ಷದ ಹೆಂಗಸರಲ್ಲಿ ಶೇ. 21.3ರಷ್ಟು ಜನರಿಗೆ ಹದಿನೆಂಟಕ್ಕೆ ಮುಂಚೆನೇ ಮದುವೆ ಆಗಿತ್ತು. ಐದರಲ್ಲಿ ಒಬ್ಬರಿಗಿಂತ ಜಾಸ್ತಿ. ಅದಕ್ಕೂ ಹಿಂದಿನ ಸಮೀಕ್ಷೆಯಲ್ಲಿ ಶೇ. 21.4. ಅಷ್ಟು ವರ್ಷದಲ್ಲಿ ಇಳಿದಿದ್ದು ಇಷ್ಟೇ. ಕಾನೂನು ಇಲ್ಲ ಅಂತಲ್ಲ. ಬಾಲ್ಯವಿವಾಹ ನಿಷೇಧ ಕಾಯ್ದೆ 2006ರದ್ದು. ಕರ್ನಾಟಕ 2016ರಲ್ಲಿ ಇನ್ನೂ ಗಟ್ಟಿ ತಿದ್ದುಪಡಿ ಮಾಡ್ತು, ಇಲ್ಲಿ ಅಂಥ ಮದುವೆ ಮೊದಲ ದಿನದಿಂದಲೇ ಅಸಿಂಧು. 1098ಕ್ಕೆ ಫೋನ್ ಮಾಡಿದ್ರೆ ಬಂದು ನಿಲ್ಲಿಸ್ತಾರೆ, ನಿಲ್ಲಿಸಿದ್ದೂ ಇದೆ. ಆದ್ರೆ ನಿಲ್ಲಿಸಿದ ಮಾರನೇ ದಿನ ಹುಡುಗಿ ಎಲ್ಲಿಗೆ ಹೋಗ್ಬೇಕು? ಅದೇ ಮನೆ, ಅದೇ ಬಾರದ ಬಸ್ಸು.

ಎಲ್ಲದಕ್ಕೂ ಬಸ್ಸೇ ಕಾರಣ ಅಂತ ನಾನೇನೂ ಹೇಳ್ತಿಲ್ಲ. ಬಾಗಿಲಿಗೆ ಬಸ್ ಬಂದು ನಿಂತ್ರೂ ಕಳಿಸದ ಮನೆಗಳಿವೆ. ಜಾಸ್ತಿ ಓದಿದ್ರೆ ಜಾಸ್ತಿ ಓದಿದ ಗಂಡು, ಜಾಸ್ತಿ ವರದಕ್ಷಿಣೆ ಅಂತ ಲೆಕ್ಕ ಹಾಕೋರಿದಾರೆ. ಬೇರೆ ಜಾತಿ ಹುಡುಗನ ಜೊತೆ ಮಾತಾಡಿದ್ಲು ಅಂತ ಬಿಡಿಸಿದವರಿದಾರೆ. ಅಂಥ ಮನೆಗಳ ಜೊತೆ ಜಗಳ ಬೇರೆ, ಅದು ನಿಧಾನದ ಜಗಳ. ನಾನು ಹೇಳ್ತಿರೋದು ಮಧ್ಯದಲ್ಲಿರೋ ಮನೆಗಳ ಬಗ್ಗೆ. ಅರ್ಧ ಮನಸ್ಸು ಕಳಿಸೋಣ ಅನ್ನುತ್ತೆ, ಅರ್ಧ ಬೇಡ ಅನ್ನುತ್ತೆ. ಅಂಥ ಮನೆಗಳೇ ಜಾಸ್ತಿ. ಅಲ್ಲಿ ತಕ್ಕಡಿ ಯಾವ ಕಡೆ ವಾಲುತ್ತೆ ಅನ್ನೋದನ್ನ ಸಾಯಂಕಾಲ ಐದು ಗಂಟೆ ಬಸ್ಸು ತೀರ್ಮಾನ ಮಾಡುತ್ತೆ.

(7/9)

ಮನಸ್ಸು ಬದಲಾಯಿಸೋ ಪ್ರಚಾರಕ್ಕೆ ದುಡ್ಡು ಎಷ್ಟು ಹೋಗಿದೆ ಗೊತ್ತಾ? ಬೇಟಿ ಬಚಾವೋ ಬೇಟಿ ಪಢಾವೋ 2015ರ ಜನವರಿಯಲ್ಲಿ ಶುರುವಾಯ್ತು. ಸಂಸತ್ತಿನ ಮಹಿಳಾ ಸಬಲೀಕರಣ ಸಮಿತಿ 2021ರಲ್ಲಿ ಕೊಟ್ಟ ವರದಿ ಪ್ರಕಾರ 2016ರಿಂದ 2019ರವರೆಗೆ ಬಿಡುಗಡೆಯಾದ 446.72 ಕೋಟಿಯಲ್ಲಿ ಶೇ. 78.91 ಖರ್ಚಾಗಿದ್ದು ಮಾಧ್ಯಮ ಪ್ರಚಾರಕ್ಕೆ. ನೂರು ರೂಪಾಯಿಯಲ್ಲಿ ಎಪ್ಪತ್ತೊಂಬತ್ತು ರೂಪಾಯಿ "ಮಗಳನ್ನ ಓದಿಸಿ" ಅಂತ ಹೇಳೋಕೆ! ಆ ಪೋಸ್ಟರ್ ಬಸ್ಸಿನ ಹಿಂದೆ ಅಂಟಿಸಿದ್ದು ನೋಡಿದೀನಿ. ಬಸ್ಸು ನಿಲ್ಲದೇ ಹೋಗುವಾಗ ಓದೋಕೆ ಚೆನ್ನಾಗಿ ಕಾಣುತ್ತೆ.

ನಾವೇನು ಕಡಿಮೆನಾ? ಜನವರಿ 3ಕ್ಕೆ ಸಾವಿತ್ರಿಬಾಯಿ ಫುಲೆ ಸ್ಟೋರಿ ಹಾಕ್ತೀವಿ, ಮೇಲೊಂದು ಮ್ಯೂಸಿಕ್. ಆಯಮ್ಮ 1848ರಲ್ಲಿ ಪುಣೆಯಲ್ಲಿ ಶಾಲೆಗೆ ಹೋಗೋ ದಾರೀಲಿ ಸಗಣಿ ಎರಚಿಸಿಕೊಂಡ ಕಥೆ ಎಲ್ಲರಿಗೂ ಗೊತ್ತು. ಆ ಕಥೆ ನಡೆಯೋದೂ ದಾರೀಲೇ ಅನ್ನೋದನ್ನ ಗಮನಿಸಿದೀರಾ?

ಈಗ ಬಿಹಾರ. ನಾವು ಮೀಮ್ ಮಾಡಿ ನಗ್ತೀವಲ್ಲ, ಅದೇ ಬಿಹಾರ. 2006ರಲ್ಲಿ ಅಲ್ಲಿನ ಸರ್ಕಾರ ಒಂಬತ್ತನೇ ಕ್ಲಾಸಿಗೆ ಸೇರೋ ಹುಡುಗೀರಿಗೆ ಸೈಕಲ್ ಕೊಳ್ಳೋಕೆ 2000 ರೂಪಾಯಿ ಕೊಡೋಕೆ ಶುರು ಮಾಡ್ತು. ಕಾರ್ತಿಕ್ ಮುರಳೀಧರನ್, ನಿಶಿತ್ ಪ್ರಕಾಶ್ ಅನ್ನೋ ಇಬ್ಬರು ಅರ್ಥಶಾಸ್ತ್ರಜ್ಞರು ಲೆಕ್ಕ ಹಾಕಿ ನೋಡಿದ್ರು. ಸರಿಯಾದ ವಯಸ್ಸಿಗೆ ಹೈಸ್ಕೂಲ್ ಸೇರೋ ಹುಡುಗೀರ ಪ್ರಮಾಣ ಶೇ. 32 ಏರಿತ್ತು. ಹುಡುಗ-ಹುಡುಗಿ ಗ್ಯಾಪು ಶೇ. 40 ಇಳಿದಿತ್ತು. ಪರಿಣಾಮ ಕಂಡಿದ್ದು ಹೆಚ್ಚಾಗಿ ಶಾಲೆ 3 ಕಿಲೋಮೀಟರಿಗಿಂತ ದೂರ ಇದ್ದ ಊರುಗಳಲ್ಲಿ. ಊರಿನ ಹುಡುಗೀರು ಗುಂಪು ಗುಂಪಾಗಿ ಸೈಕಲ್ ತುಳಿದು ಹೋಗೋದು ಮಾಮೂಲಾಯ್ತು. ಅಪ್ಪಂದಿರಿಗೆ ಯಾರೂ ಭಾಷಣ ಮಾಡಲಿಲ್ಲ. ದಾರಿ ಚಿಕ್ಕದಾಯ್ತು, ಅಷ್ಟೇ.

ಅದೇ ಹೊತ್ತಿಗೆ ನಮ್ಮಲ್ಲೂ ಎಂಟನೇ ಕ್ಲಾಸಿಗೆ ಸೈಕಲ್ ಬಂತು. ಕೋವಿಡ್ ವರ್ಷಗಳಲ್ಲಿ ಹಂಚೋದು ನಿಂತಾಗ ಯಾರೂ ಹ್ಯಾಶ್‌ಟ್ಯಾಗ್ ಮಾಡಲಿಲ್ಲ. ಇನ್ನು ಪಿಯುಗೆ ಹದಿನೈದು, ಇಪ್ಪತ್ತು ಕಿಲೋಮೀಟರ್ ಆದ್ರೆ ಸೈಕಲ್ ಸಾಲಲ್ಲ, ಅಲ್ಲಿಗೆ ಬಸ್ಸೇ ಆಗ್ಬೇಕು.

(8/9)

ಡಿಎಂಗೆ ಬಂದ ಎರಡು ಮಾತಿಗೆ ಉತ್ತರ.

"ದೇಶದಲ್ಲಿ ಕಾಲೇಜಲ್ಲಿ ಈಗ ಹುಡುಗೀರೇ ಜಾಸ್ತಿ, ಗೂಗಲ್ ಮಾಡಿ." ಮಾಡಿದೆ. ಉನ್ನತ ಶಿಕ್ಷಣದ ಸಮೀಕ್ಷೆ 2021-22: ಒಟ್ಟು ದಾಖಲಾತಿ ಅನುಪಾತ ಹುಡುಗೀರದ್ದು 28.5, ಹುಡುಗರದ್ದು 28.3. ಸಂತೋಷ. ಆದ್ರೆ ಸರಾಸರಿ ಅನ್ನೋದು ಮಂಗಳೂರನ್ನೂ ಯಾದಗಿರಿಯನ್ನೂ ಒಂದೇ ಪಾತ್ರೆಗೆ ಹಾಕಿ ಕಲಸುತ್ತೆ. 2011ರ ಜನಗಣತಿಯಲ್ಲಿ ಹೆಂಗಸರ ಸಾಕ್ಷರತೆ ದಕ್ಷಿಣ ಕನ್ನಡದಲ್ಲಿ ಸುಮಾರು ಶೇ. 84, ಯಾದಗಿರಿಯಲ್ಲಿ ಸುಮಾರು 41. ಒಂದೇ ರಾಜ್ಯ, ಒಂದೇ ಮುಖ್ಯಮಂತ್ರಿ, ಅರ್ಧಕ್ಕರ್ಧ ವ್ಯತ್ಯಾಸ. ಆವತ್ತು ಅಕ್ಷರ ಬರದೇ ಉಳಿದ ಅಮ್ಮಂದಿರ ಮಕ್ಕಳೇ ಇವತ್ತು ಹೈಸ್ಕೂಲು, ಪಿಯು ವಯಸ್ಸಲ್ಲಿರೋದು. ಮತ್ತೆ, 28.5 ಅಂದ್ರೆ ನೂರರಲ್ಲಿ ಎಪ್ಪತ್ತೊಂದು ಹುಡುಗೀರು ಹೊರಗಿದಾರೆ ಅಂತಲೂ ಅರ್ಥ.

"ಮೊಬೈಲ್ ಇದೆಯಲ್ಲ, ಆನ್‌ಲೈನಲ್ಲಿ ಓದಲಿ." ಆ ಮೊಬೈಲ್ ಯಾರ ಜೇಬಲ್ಲಿದೆ? ಕೋವಿಡ್ ಟೈಮಲ್ಲಿ ಅಣ್ಣನ ಕ್ಲಾಸ್ ಮುಗಿದ ಮೇಲೆ, ಅಡುಗೆ ಮುಗಿದ ಮೇಲೆ, ಚಾರ್ಜ್ ಉಳಿದಿದ್ರೆ ಓದಿದ ಹುಡುಗೀರನ್ನ ಕೇಳಿ. ಕಾಲೇಜಿಗೆ ಹೋಗೋದಂದ್ರೆ ಪಾಠ ಕೇಳೋದು ಮಾತ್ರ ಅಲ್ಲ. ಮನೆಯಿಂದ ಆರು ಗಂಟೆ ಹೊರಗಿರೋದು, ಊರಿನವರಲ್ಲದವರ ಜೊತೆ ಮಾತಾಡೋದು, ಬ್ಯಾಂಕಿನ ಚಲನ್ ತಾನೇ ತುಂಬೋದು. ಇದ್ಯಾವುದೂ ಫೋನಿನ ಸ್ಕ್ರೀನಲ್ಲಿ ಸಿಗಲ್ಲ.

(9/9)

ಸರಿ, ಏನು ಮಾಡೋಣ? ಹೊಸ ಯೋಜನೆ, ಹೊಸ ಹೆಸರು ಬೇಡ. ಕಾಲೇಜ್ ಗಂಟೆಗೂ ಬಸ್ಸಿನ ಗಂಟೆಗೂ ಹೊಂದಾಣಿಕೆ ಆಗ್ಲಿ. ಎಂಟರಿಂದ ಡಿಗ್ರಿವರೆಗೆ ಹುಡುಗೀರು ಓಡಾಡೋ ಪ್ರತಿ ರೂಟಲ್ಲಿ ಬೆಳಿಗ್ಗೆ ಒಂದು, ಕಾಲೇಜ್ ಬಿಟ್ಟ ಮೇಲೆ ಒಂದು ಟ್ರಿಪ್ ಕಟ್ ಆಗಲೇಬಾರದು. ಡೀಸೆಲ್ ಉಳಿಸೋಕೆ, ಜಾತ್ರೆಗೆ, ಸಮಾವೇಶಕ್ಕೆ ಯಾವ ಟ್ರಿಪ್ ಬೇಕಾದ್ರೂ ತೆಗೀರಿ, ಇದನ್ನ ಮುಟ್ಟಬೇಡಿ.

ಇದನ್ನ ಕೇಳೋಕೆ ದಾರಿ ಇದೆ. ಪಂಚಾಯಿತಿಗಳಲ್ಲಿ ಮಕ್ಕಳ ಗ್ರಾಮ ಸಭೆ ನಡೀಬೇಕು. ಬಿಸ್ಕತ್ತು ಕೊಟ್ಟು ಫೋಟೋ ತೆಗೆದು ಮುಗಿಸ್ತಾರೆ, ಆದ್ರೆ ಅಲ್ಲಿ ಬರೆಸಿದ್ದು ನಡಾವಳಿ ಪುಸ್ತಕಕ್ಕೆ ಹೋಗುತ್ತೆ. ನಿಮ್ಮ ತಂಗಿ ಹೈಸ್ಕೂಲಲ್ಲಿದ್ರೆ ಬಸ್ಸಿನ ಮಾತು ಬರೆಸೋಕೆ ಹೇಳಿ. ನಾವು ಹದಿನೆಂಟು ದಾಟಿದವರು ಮಾಮೂಲಿ ಗ್ರಾಮ ಸಭೆಯಲ್ಲೇ ಎದ್ದು ನಿಲ್ಲಬಹುದು. ಕಾಲೇಜ್ ಲೆಟರ್‌ಹೆಡ್‌ನಲ್ಲಿ ಪ್ರಿನ್ಸಿಪಾಲರ ಸಹಿ ಹಾಕಿಸಿ ಡಿಪೊ ಮ್ಯಾನೇಜರಿಗೆ ಅರ್ಜಿ ಕೊಡಿ, ಒಂದು ಕಾಪಿಗೆ ಸೀಲ್ ಹಾಕಿಸಿಕೊಳ್ಳಿ. ಉತ್ತರ ಬರಲಿಲ್ಲ ಅಂದ್ರೆ ಆರ್‌ಟಿಐ ಹಾಕಿ. ಒಂದೇ ವಿಷಯ, 150 ಪದದೊಳಗೆ, 10 ರೂಪಾಯಿ ಶುಲ್ಕ, ಮೂವತ್ತು ದಿನದಲ್ಲಿ ಉತ್ತರ ಕೊಡಬೇಕು. ಕೇಳಬೇಕಾದ್ದು ಇಷ್ಟೇ: ಈ ರೂಟಿಗೆ ಮಂಜೂರಾದ ಟ್ರಿಪ್ ಎಷ್ಟು, ಹೋದ ಮೂರು ತಿಂಗಳಲ್ಲಿ ಯಾವ್ಯಾವ ದಿನ ರದ್ದಾಗಿದೆ?

ಹುಡುಗರೂ ಸಹಿ ಹಾಕಿ. ಬಸ್ ಬಂದ್ರೆ ನಿಮಗೂ ಬರುತ್ತೆ.

ಲಿಸ್ಟ್ ಮಾಡೋಕೆ ಶುರು ಮಾಡಿದೀನಿ. ಕಾಮೆಂಟಲ್ಲಿ ನಾಲ್ಕು ವಿಷಯ ಹಾಕಿ: ಊರು, ಕಾಲೇಜ್ ಇರೋ ಊರು, ಕಾಲೇಜ್ ಬಿಡೋ ಟೈಮು, ವಾಪಸ್ ಬಸ್ಸಿನ ಟೈಮು. ಹೆಸರು ಬೇಡ, ಫೋನ್ ನಂಬರ್ ಬೇಡ. ಕಾಲೇಜ್ ಬಿಟ್ಟು ಮನೇಲಿರೋ ಗೆಳತಿ ಇದ್ರೆ ಅವಳನ್ನ ಕೇಳಿ, ಅವಳು ಬಿಟ್ಟಾಗ ಇದ್ದ ಬಸ್ ಟೈಮನ್ನೂ ಹಾಕಿ. ಭಾನುವಾರದೊಳಗೆ ಬಂದಿದ್ದನ್ನೆಲ್ಲ ತಾಲೂಕುವಾರು ಜೋಡಿಸಿ, ಅರ್ಜಿ ನಮೂನೆ ಜೊತೆ ಮುಂದಿನ ಪೋಸ್ಟಲ್ಲಿ ಹಾಕ್ತೀನಿ.

#ಟಿಕೆಟ್‌ಫ್ರೀಬಸ್ಸೆಲ್ಲಿ #ಮನೇಲಿದಾಳೆ